ಮೂವತ್ತೊಂದು ಹೆಸರು, ಏಳು ನಿಮಿಷ

ನಾನು ಆ ಸುಳ್ಳು ಹೇಳಿದ್ದು ಕ್ಯಾಲಿಫೋರ್ನಿಯಾದ ಫ್ರೀಮಾಂಟಿನ ಒಂದು ಡೇಕೇರಿನ ಅಡುಗೆಮನೆಯಲ್ಲಿ, ಕ್ಯಾಮೆರಾ ಓಡುತ್ತಿದ್ದಾಗಲೇ. ಹಾಗಾಗಿ ಅದು ಇವತ್ತಿಗೂ ನನ್ನ ಹಾರ್ಡ್ ಡಿಸ್ಕಿನಲ್ಲಿ ಇದೆ. ಎದುರಿಗೆ ನಿಂತ ಹೆಂಗಸು ಮಕ್ಕಳ ಊಟಕ್ಕೆಂದು ಕ್ಯಾರೆಟ್ ಹೆಚ್ಚುತ್ತ ಒಂದು ಪ್ರಶ್ನೆ ಕೇಳುತ್ತಾರೆ. ಕ್ಯಾಮೆರಾದ ಹಿಂದಿನಿಂದ ನನ್ನ ದನಿ, "ನಂಗೆ ನೆನಪಿಲ್ಲ ಟೀಚರ್, ಚಿಕ್ಕವಳಿದ್ದೆ" ಎನ್ನುತ್ತದೆ. ಹತ್ತು ವರ್ಷದ ಹುಡುಗಿ ಅಷ್ಟೇನೂ ಚಿಕ್ಕವಳಲ್ಲ. ನನಗೆ ಎಲ್ಲವೂ ನೆನಪಿತ್ತು.

ಅವರನ್ನು ನಾನು ಟೀಚರ್ ಎಂದೇ ಕರೆಯುತ್ತೇನೆ. ಶ್ರೀಲಂಕಾದ ಉತ್ತರದ ತಮಿಳರು. ಅಲ್ಲಿನ ಅಂತರ್ಯುದ್ಧ ಮುಗಿಯುವವರೆಗೂ ಒಂದು ಹಳ್ಳಿ ಶಾಲೆಯಲ್ಲಿ ಗಣಿತ ಕಲಿಸುತ್ತಿದ್ದವರು. ಆಮೇಲೆ ತಂಗಿಯ ಬೆನ್ನು ಹಿಡಿದು ಇಲ್ಲಿಗೆ ಬಂದು ಡೇಕೇರಿನ ಅಡುಗೆಗೆ ಸೇರಿದರು. ಈಗ ಅರವತ್ತು ದಾಟಿದೆ. ನನ್ನ ಮಗಳು ಎರಡು ವರ್ಷದವಳಿದ್ದಾಗ ಅದೇ ಡೇಕೇರಿಗೆ ಹೋಗುತ್ತಿದ್ದಳು. ಸಂಜೆ ಮಗುವನ್ನು ಕರೆದುಕೊಂಡು ಬರಲು ಹೋದಾಗ ನಾನು ಅವರೊಡನೆ ನನ್ನ ಬೆಂಗಳೂರಿನ ತಮಿಳಿನಲ್ಲಿ ಮಾತಾಡಿದೆ. ಅವರಿಗೆ ನಗು ಬಂತು. ಇದು ಯಾವ ಊರಿನ ತಮಿಳು, ಅರ್ಧ ಸಿನಿಮಾದ್ದು ಅರ್ಧ ಸಂತೆಯದು ಎಂದರು. ನಿಜವೇ. ನನ್ನ ಮನೆಮಾತು ಉರ್ದು, ಶಾಲೆಯಲ್ಲಿ ಓದಿದ್ದು ಕನ್ನಡ, ತಮಿಳು ಬಂದದ್ದು ಪಕ್ಕದ ಮನೆಯಿಂದ. ಆ ಪಕ್ಕದ ಮನೆಯ ಬಗ್ಗೆ ಆಮೇಲೆ ಹೇಳುತ್ತೇನೆ.

ಆಗ ನಾನು ಸೌತ್ ಸ್ಯಾನ್ ಫ್ರಾನ್ಸಿಸ್ಕೋದ ಬಯೋಟೆಕ್ ಲ್ಯಾಬುಗಳಿಗೆ ಪ್ರಚಾರದ ವೀಡಿಯೊ ಮಾಡಿಕೊಡುತ್ತಿದ್ದೆ. ಕೈಗವಸು ತೊಟ್ಟ ಬೆರಳುಗಳು, ಗಾಜಿನ ನಳಿಗೆಯಲ್ಲಿ ಒಂದು ಹನಿ, ಹಿನ್ನೆಲೆಯಲ್ಲಿ ಮೆಲ್ಲನೆ ಪಿಯಾನೊ. ಹನ್ನೊಂದು ವರ್ಷ ಅದನ್ನೇ ಮಾಡಿದೆ. ಒಂದು ದಿನ ಎಡಿಟಿಂಗ್ ಟೇಬಲ್ಲಿನ ಮುಂದೆ ಕೂತಿದ್ದಾಗ, ಇಷ್ಟು ವರ್ಷದಲ್ಲಿ, ಮೊದಲೇ ಬರೆದುಕೊಟ್ಟದ್ದನ್ನು ಬಿಟ್ಟು ಒಂದು ವಾಕ್ಯವನ್ನೂ ನಾನು ಯಾರ ಬಾಯಿಂದಲೂ ಕೇಳಿಲ್ಲವಲ್ಲ ಅನ್ನಿಸಿತು. ಕೆಲಸ ಬಿಟ್ಟೆ. ನಮ್ಮವರು, ನನ್ನ ಗಂಡ, ಅದೇ ಸೌತ್ ಸ್ಯಾನ್ ಫ್ರಾನ್ಸಿಸ್ಕೋದ ಇನ್ನೊಂದು ಲ್ಯಾಬಿನಲ್ಲಿದ್ದಾರೆ, ದಿನಾ ಸೇತುವೆ ದಾಟಿ ಹೋಗಿಬರುತ್ತಾರೆ. ಅವರು ಕೇಳಿದ್ದು ಒಂದೇ ಮಾತು, ಯಾರ ಬಗ್ಗೆ ಮಾಡ್ತೀಯ ಎಂದು. ಟೀಚರ್ ಬಗ್ಗೆ ಎಂದೆ.

ಕಾರಣ ಇತ್ತು. ಅದಕ್ಕೂ ಕೆಲವು ತಿಂಗಳ ಹಿಂದೆ ಒಂದು ಬೆಳಿಗ್ಗೆ ಬಸ್ ಸ್ಟಾಪಿನಲ್ಲಿ ಅವರನ್ನು ಕಂಡು ಕಾರು ನಿಲ್ಲಿಸಿದ್ದೆ. ತೊಡೆಯ ಮೇಲೆ ಒಂದು ನೋಟ್‌ಬುಕ್ಕು ಇಟ್ಟುಕೊಂಡು ತುಟಿ ಆಡಿಸುತ್ತಿದ್ದರು. ಪ್ರಾರ್ಥನೆ ಇರಬೇಕು ಎಂದುಕೊಂಡೆ. ಅದು ಹಾಜರಿ. ಅವರು ಕಲಿಸಿದ ಕೊನೆಯ ತರಗತಿಯ ಮೂವತ್ತೊಂದು ಮಕ್ಕಳ ಹೆಸರು. ಯುದ್ಧದ ಕೊನೆಯ ತಿಂಗಳುಗಳಲ್ಲಿ ಊರಿಗೆ ಊರೇ ಎದ್ದು ನಡೆದಾಗ ಶಾಲೆ ಮರದಡಿಗೆ ಬಂತಂತೆ, ಮರದಡಿಯಿಂದ ಷೆಲ್ಲುಗಳಿಗೆ ಅವಿತುಕೊಳ್ಳಲು ತೋಡಿದ ಗುಂಡಿಗೆ, ಆಮೇಲೆ ಇಲ್ಲವೇ ಆಯಿತಂತೆ. ಹಾಜರಿ ಪುಸ್ತಕವನ್ನು ಬಟ್ಟೆಗಂಟಿನಲ್ಲಿಟ್ಟುಕೊಂಡು ಐದು ಕಡೆ ಬಿಡಾರ ಬದಲಿಸಿದರು. ಕತ್ತಿನವರೆಗೆ ನೀರಿದ್ದ ಹಿನ್ನೀರೊಂದನ್ನು ದಾಟುವಾಗ ಗಂಟು ಕೈಬಿಟ್ಟುಹೋಯಿತು. ಅಮೆರಿಕಕ್ಕೆ ಬಂದ ಮೊದಲ ವಾರವೇ ಒಂದು ನೋಟ್‌ಬುಕ್ಕು ಕೊಂಡು, ನೆನಪಿನಿಂದ ಎಲ್ಲ ಹೆಸರನ್ನೂ ಅದೇ ಕ್ರಮದಲ್ಲಿ ಬರೆದರು. ಪ್ರತಿ ಹೆಸರಿನ ಮುಂದೆ ಮೂರರಲ್ಲಿ ಒಂದು ಮಾತು: ಇದ್ದಾರೆ, ಇಲ್ಲ, ಗೊತ್ತಿಲ್ಲ.

ಚಿತ್ರ ಮಾಡುತ್ತೇನೆ ಎಂದಾಗ ಒಪ್ಪಿಕೊಂಡರು. ಆದರೆ ಮೊದಲ ದಿನವೇ ನನ್ನನ್ನು ತಡೆದರು. ನಾನು ಅವರನ್ನು ಕಿಟಕಿಯ ಬಳಿ ಕೂರಿಸಿ, ಒಂದು ಕೆನ್ನೆಗೆ ಮಾತ್ರ ಬೆಳಕು ಬೀಳುವ ಹಾಗೆ ಪರದೆ ಸರಿಸಿ, ಆ ದಿನಗಳಲ್ಲಿ ನಿಮಗೆ ಏನನ್ನಿಸುತ್ತಿತ್ತು ಎಂದು ಕೇಳಿದ್ದೆ. ಅವರು ಎದ್ದು ಪರದೆಯನ್ನು ಪೂರ್ತಿ ಸರಿಸಿ, ಅಡುಗೆಮನೆಗೆ ಹೋಗಿಬಿಟ್ಟರು. ನಾನು ಕ್ಯಾಮೆರಾ ಹೊತ್ತುಕೊಂಡು ಹಿಂದೆ ಹೋದೆ.

"ತಂಗಚ್ಚಿ, ನಾನು ಅಳೋದನ್ನ ಯಾರಿಗೂ ಕೊಡೋದಿಲ್ಲ," ಎಂದರು. ಅವರ ಕಡೆ ತಂಗಿಯನ್ನು ಹಾಗೆ ಕರೆಯುತ್ತಾರೆ. ಅವರ ತಮಿಳನ್ನು ಇಲ್ಲಿ ನನ್ನ ಕನ್ನಡದಲ್ಲಿ ಬರೆಯುತ್ತಿದ್ದೇನೆ. "ಹೆಸರು ಕೊಡ್ತೀನಿ. ಹಾಜರಿ ಕೂಗ್ತೀನಿ, ನೀನು ತೆಗಿ. ಹೇಗೆ ಸತ್ರು, ನಾನು ಎಷ್ಟು ಅತ್ತೆ ಅಂತ ಕೇಳಬೇಡ."

ನಾನು ಆಗಲಿ ಎಂದೆ. ಅವರು ಕ್ಯಾರೆಟ್ ಕೈಗೆತ್ತಿಕೊಂಡರು. ಸ್ವಲ್ಪ ಹೊತ್ತು ಹೆಚ್ಚಿದ ಮೇಲೆ, ತಲೆಯೆತ್ತದೆ ಆ ಪ್ರಶ್ನೆ ಕೇಳಿದರು. "ನಿಮ್ಮ ಬೆಂಗಳೂರಲ್ಲಿ ಒಂದು ಸಲ ನೀರಿನ ಗಲಾಟೆಗೆ ತಮಿಳರನ್ನ ಹೊಡೆದು ಓಡಿಸಿದ್ರಂತಲ್ಲ. ಆಗ ನೀನು ಎಲ್ಲಿದ್ದೆ?"

ಸುಳ್ಳು ಹೇಳಿದ್ದು ಆಗಲೇ.

ಎರಡು ವಾರ ನಾನು ಡೇಕೇರಿನ ಕಡೆ ಹೋಗಲಿಲ್ಲ. ಆ ತುಣುಕನ್ನು ಹಾಕಿಹಾಕಿ ನೋಡಿದೆ. ಬೇರೆಯವರ ಬಾಯಿಂದ ನಿಜ ಹೊರಡಿಸಲು ಹೊರಟವಳು, ನನ್ನ ಸರದಿ ಬಂದಾಗ ಹೀಗೆ ಜಾರಿಕೊಂಡೆನಲ್ಲ ಎಂದು ನಾಚಿಕೆಯಾಯಿತು. ಮೂರನೆಯ ವಾರ ಹೋಗಿ, ಮಕ್ಕಳು ಮಲಗಿದ್ದ ಮಧ್ಯಾಹ್ನದ ಹೊತ್ತಿನಲ್ಲಿ, ಕ್ಯಾಮೆರಾವನ್ನು ನನ್ನ ಕಡೆಗೇ ತಿರುಗಿಸಿಟ್ಟು ಅವರಿಗೆ ಎಲ್ಲ ಹೇಳಿದೆ.

ನನ್ನ ಅಬ್ಬಾ ಅಂಗಡಿಗಳ ಬೋರ್ಡು ಬರೆಯುವ ಕೆಲಸ ಮಾಡುತ್ತಿದ್ದರು. ಕನ್ನಡ, ಉರ್ದು, ಇಂಗ್ಲಿಷು ಓದಲು ಬರುತ್ತಿತ್ತು. ತಮಿಳು ಓದಲು ಬರುತ್ತಿರಲಿಲ್ಲ, ಆದರೆ ಯಾರಾದರೂ ಚೀಟಿಯಲ್ಲಿ ಬರೆದುಕೊಟ್ಟರೆ ಅದನ್ನು ನೋಡಿಕೊಂಡು ಬರೆದವರಿಗಿಂತ ಚೆನ್ನಾಗಿ ಬರೆಯುತ್ತಿದ್ದರು. ನಮ್ಮ ಪಕ್ಕದ ಮನೆಯವರದು ಕಾಫಿಪುಡಿ ಅಂಗಡಿ. ಮೂರು ತಲೆಮಾರಿನಿಂದ ಬೆಂಗಳೂರಿನಲ್ಲೇ ಇದ್ದ ತಮಿಳರು. ಆ ಅಂಗಡಿಯಾತನನ್ನು ನಾನು ಮಾಮ ಎನ್ನುತ್ತಿದ್ದೆ. ಮಾಮನ ಅಂಗಡಿಯ ಬೋರ್ಡು ಅಬ್ಬಾ ಬರೆದದ್ದು. ಮೇಲೆ ಕನ್ನಡ, ಕೆಳಗೆ ತಮಿಳು, ಪಕ್ಕದಲ್ಲಿ ಹಬೆಯಾಡುವ ಒಂದು ಲೋಟ. ಆ ಹಬೆಯ ಮೂರು ಎಳೆಗಳನ್ನು ಎಳೆಯಲು ಅರ್ಧ ದಿನ ತೆಗೆದುಕೊಂಡಿದ್ದರು.

ನದಿಯ ನೀರಿನ ಗಲಾಟೆ ಎದ್ದ ದಿನ ಬೆಳಿಗ್ಗೆ ಮುಖ್ಯರಸ್ತೆಯ ಕಡೆಯಿಂದ ಹೊಗೆ ಕಾಣುತ್ತಿತ್ತು. ಗುಂಪೊಂದು ಒಂದೊಂದೇ ಬೀದಿಗೆ ನುಗ್ಗುತ್ತ ಬರುತ್ತಿದೆ ಎಂದು ಯಾರೋ ಬಂದು ಹೇಳಿದರು. ಅಬ್ಬಾ ಏಣಿ ತೆಗೆದರು. ಕಪ್ಪು ಬಣ್ಣದ ಡಬ್ಬಿಯನ್ನು ನನ್ನ ಕೈಗೆ ಕೊಟ್ಟರು. ಮಾಮನ ಅಂಗಡಿಗೆ ಏಣಿ ಒರಗಿಸಿ, ತಾವೇ ಬರೆದ ತಮಿಳು ಅಕ್ಷರಗಳ ಮೇಲೆ ಅಗಲ ಬ್ರಷ್ಷಿನಲ್ಲಿ ಕಪ್ಪು ಬಳಿದರು. ಐದು ನಿಮಿಷವೂ ಆಗಲಿಲ್ಲ. ಮಾಮ ಬಾಗಿಲಲ್ಲಿ ನಿಂತು ನೋಡುತ್ತಿದ್ದರು. ಬೇಡ ಎನ್ನಲಿಲ್ಲ, ಬಳಿ ಎನ್ನಲೂ ಇಲ್ಲ. ಅವರ ಹೆಂಡತಿ ಒಳಗಿನಿಂದ ಒಂದು ಚೀಲ ತಂದು, ಮಕ್ಕಳನ್ನು ಕರೆದುಕೊಂಡು ಹಿಂದಿನ ಓಣಿಯಿಂದ ಹೊರಟರು. ಗುಂಪು ಬಂತು, ಬೋರ್ಡು ನೋಡಿತು, ಮುಂದೆ ಹೋಯಿತು. ಎರಡು ಅಂಗಡಿ ಆಚೆ ಇಸ್ತ್ರಿ ಅಂಗಡಿಗೆ ಬೆಂಕಿ ಬಿತ್ತು.

ಒಂದು ತಿಂಗಳಾದ ಮೇಲೆ ಮಾಮನ ಮನೆಯವರು ವಾಪಸು ಬಂದು ಅಂಗಡಿ ತೆರೆದರು. ಬೋರ್ಡು ಹಾಗೇ ಇತ್ತು. ಮೇಲೆ ಕನ್ನಡ, ಕೆಳಗೆ ಕಪ್ಪು ಪಟ್ಟೆ, ಪಕ್ಕದಲ್ಲಿ ಲೋಟ. ಅಬ್ಬಾ ಅದನ್ನು ಮತ್ತೆ ಬರೆದುಕೊಡಲಿಲ್ಲ. ಮಾಮ ಕೇಳಲೂ ಇಲ್ಲ. ಮರುವರ್ಷ ಅಂಗಡಿ ಬೇರೆಯವರಿಗೆ ಕೊಟ್ಟು ಊರೇ ಬಿಟ್ಟರು. ನಮ್ಮ ಮನೆಯಲ್ಲಿ ಅದರ ಮಾತು ಬಂದರೆ, ನಿನ್ನ ಅಬ್ಬಾ ಅವರ ಅಂಗಡಿ ಉಳಿಸಿದರು ಎಂದಷ್ಟೇ ಅಮ್ಮಿ ಹೇಳುತ್ತಿದ್ದರು. ಅಬ್ಬಾ ಬಾಯಿ ಬಿಡುತ್ತಿರಲಿಲ್ಲ.

ಟೀಚರ್ ಪೂರ್ತಿ ಕೇಳಿಸಿಕೊಂಡರು. ಅಯ್ಯೋ ಎನ್ನಲಿಲ್ಲ, ಹೋಗಲಿ ಬಿಡು ಎನ್ನಲಿಲ್ಲ. "ನಿನ್ನ ಅಪ್ಪ ಇದ್ದಾರಾ?" ಎಂದರು. ಇದ್ದಾರೆ ಎಂದೆ. "ಅವರನ್ನ ಕೇಳು. ಅವರು ಹೇಳಿದ ದಿನ ನಾನು ಹಾಜರಿ ಕೂಗ್ತೀನಿ. ನನ್ನ ಊರಿನದನ್ನ ಮಾತ್ರ ತೆಗೆಯೋ ಸಿನಿಮಾ ನನಗೆ ಬೇಡ."

ಅಬ್ಬಾ ಬೆಂಗಳೂರಿನಲ್ಲಿ ನನ್ನ ತಮ್ಮನ ಮನೆಯಲ್ಲಿದ್ದಾರೆ. ಎಂಬತ್ತರ ಹತ್ತಿರ. ಕೈ ನಡುಗುವುದಿಲ್ಲ ಎಂಬುದು ಅವರ ಹೆಮ್ಮೆ. ವೀಡಿಯೊ ಕರೆಯಲ್ಲಿ ಆ ಬೋರ್ಡಿನ ಮಾತೆತ್ತಿದ್ದೇ ತಡ ಅವರು ಫೋನನ್ನು ತಮ್ಮನ ಕೈಗೆ ಕೊಟ್ಟು ಎದ್ದುಹೋದರು. ಮುಂದಿನ ಮೂರು ಭಾನುವಾರವೂ ನಮಾಜಿಗೆ ಹೋಗಿದ್ದಾರೆ, ಸ್ನಾನಕ್ಕೆ ಹೋಗಿದ್ದಾರೆ ಎಂದೇ ಉತ್ತರ ಬಂತು. ನಾನು ಬಿಡಲಿಲ್ಲ. ಹೆತ್ತವರನ್ನು ಇಷ್ಟು ಕಾಡುವುದು ಸರಿಯೇ ಎಂದು ನನ್ನನ್ನೇ ಕೇಳಿಕೊಂಡೆ. ಆದರೂ ಪ್ರತಿ ಭಾನುವಾರ ಕರೆ ಮಾಡಿದೆ. ನಾಲ್ಕನೆಯ ಭಾನುವಾರ ಅವರೇ ಕರೆ ಮಾಡಿದರು. ಕಪಾಟಿನಿಂದ ಇಸ್ತ್ರಿ ಮಾಡಿದ ಅಂಗಿ ತೆಗೆದು ಹಾಕಿಕೊಂಡು ಕೂತಿದ್ದರು. ರೆಕಾರ್ಡು ಮಾಡಿಕೋ ಎಂದರು. ನಮ್ಮಿಬ್ಬರ ನಡುವೆ ಯಾವತ್ತೂ ಉರ್ದುವೇ. ಆವತ್ತು ಮಾತ್ರ ಅವರು ಕನ್ನಡದಲ್ಲಿ ಶುರು ಮಾಡಿದರು.

"ಇದನ್ನ ಕನ್ನಡದಲ್ಲೇ ಹೇಳ್ತೀನಿ. ಯಾರಿಗೆ ಗೊತ್ತಾಗಬೇಕೋ ಅವರಿಗೆ ಗೊತ್ತಾಗಲಿ. ಆ ಬೋರ್ಡು ಬರೆದದ್ದೂ ನಾನೇ, ಅಳಿಸಿದ್ದೂ ನಾನೇ. ಅಳಿಸಿದ್ದು ಅವನ ಅಂಗಡಿ ಉಳೀಲಿ ಅಂತ. ಅದಕ್ಕೆ ನಂಗೆ ಬೇಜಾರಿಲ್ಲ. ಗಲಾಟೆ ನಿಂತ ಮೇಲೆ ಮತ್ತೆ ಬರೀಬೇಕಿತ್ತು. ಬಣ್ಣ ಇತ್ತು, ಏಣಿ ಇತ್ತು. ನಾನು ಬರೀಲಿಲ್ಲ. ನಾಳೆ ನಮ್ಮ ಮನೆಗೂ ಬಂದ್ರೆ ಅಂತ ಹೆದರಿದೆ. ಒಂದು ವರ್ಷ ಅವನು ದಿನಾ ಆ ಕಪ್ಪು ಪಟ್ಟೆ ಕೆಳಗೆ ಕೂತು ಕಾಫಿಪುಡಿ ಮಾರಿದ. ಅದು ನನ್ನ ತಪ್ಪು."

ಆಮೇಲೆ, ಲೋಟದ ಹಬೆ ಎಳೆದದ್ದು, ಚೀಟಿ ನೋಡಿ ತಮಿಳು ಕಲಿತದ್ದು, ಯಾವ ಅಕ್ಷರಕ್ಕೆ ಎಷ್ಟು ಸುತ್ತು ಎಂದೆಲ್ಲ ಬೆರಳಿನಲ್ಲಿ ಗಾಳಿಯಲ್ಲೇ ಬರೆದು ತೋರಿಸಿದರು. ಒಟ್ಟು ಏಳು ನಿಮಿಷ. ನಾನು ಒಂದು ಕಡೆಯೂ ಕತ್ತರಿಸಲಿಲ್ಲ.

ಟೀಚರ್ ಅದನ್ನು ನನ್ನ ಲ್ಯಾಪ್‌ಟಾಪಿನಲ್ಲಿ ನೋಡಿದರು, ನಾನು ಪಕ್ಕದಲ್ಲಿ ಕೂತು ತಮಿಳಿಗೆ ತರುತ್ತ ಹೋದೆ. ಮುಂದಿನ ಶನಿವಾರ ಡೇಕೇರಿನ ದೊಡ್ಡ ಕೋಣೆಯಲ್ಲಿ, ಮಕ್ಕಳ ಚಿತ್ರಗಳನ್ನು ಅಂಟಿಸಿದ ಗೋಡೆಯ ಮುಂದೆ ನಿಂತು ಹಾಜರಿ ಕೂಗಿದರು. ಶಾಲೆಯಲ್ಲಿ ಕೂಗುವ ಹಾಗೇ ಕೂಗಿದರು. ಒಂದು ಹೆಸರು, ಉತ್ತರಕ್ಕೆ ಕಾಯುವಷ್ಟು ಹೊತ್ತು ಮೌನ, ಆಮೇಲೆ ಇದ್ದಾರೆ, ಇಲ್ಲ, ಗೊತ್ತಿಲ್ಲ. ದನಿ ಎಲ್ಲೂ ಕದಲಲಿಲ್ಲ. ಇಪ್ಪತ್ತನೆಯ ಹೆಸರು ಒಬ್ಬ ಹುಡುಗಿಯದು. ರೇಖಾಗಣಿತದಲ್ಲಿ ಇಡೀ ತರಗತಿಗೇ ಮುಂದಿದ್ದವಳು. ಅವಳ ಹೆಸರು ಕೂಗಿ, ಇಲ್ಲ ಎಂದು, ಇನ್ನೊಂದು ವಾಕ್ಯ ಸೇರಿಸಿದರು: "ಇವಳನ್ನ ಹದಿನಾಲ್ಕನೇ ವಯಸ್ಸಿಗೆ ಮನೆಯಿಂದ ಎಳೆದುಕೊಂಡು ಹೋಗಿ ಕೈಗೆ ಬಂದೂಕು ಕೊಟ್ಟವರು ನಮ್ಮವರೇ, ನಮಗೋಸ್ಕರ ಹೋರಾಡ್ತೀವಿ ಅಂದವರು." ಇಲ್ಲ ಎಂದ ಉಳಿದವರಲ್ಲಿ ಬಹುಪಾಲು ಮಕ್ಕಳು ಎದುರು ಕಡೆಯ ಸೈನ್ಯದ ಷೆಲ್ಲುಗಳಿಗೆ ಸಿಕ್ಕಿ ಹೋದವರು. ಅದನ್ನೂ ಹೇಳಿದರು. ಯಾರ ಪಾಲಿನದನ್ನೂ ಬಿಡಲಿಲ್ಲ.

ಚಿತ್ರ ನಲವತ್ತು ನಿಮಿಷದ್ದಾಯಿತು. ಮೊದಲು ನೋಡಿದವರು ಇಂಥ ಚಿತ್ರಗಳಿಗೆ ಸಲಹೆ ಕೊಡುವ ಒಬ್ಬ ಅನುಭವಿ. ಬಹಳ ಸಜ್ಜನಿಕೆಯಿಂದ ಮಾತಾಡಿದರು. ಹಾಜರಿ ತುಂಬ ಉದ್ದವಾಯಿತು, ಅರ್ಧಕ್ಕೆ ಇಳಿಸಿ ನಡುವೆ ಬಾಂಬು ಬೀಳುವ ಹಳೆಯ ದೃಶ್ಯಗಳನ್ನು ಹಾಕಬಹುದು, ಆಕೆ ಒಮ್ಮೆಯಾದರೂ ಅತ್ತಿದ್ದರೆ ನೋಡುವವರಿಗೆ ಹಿಡಿದುಕೊಳ್ಳಲು ಏನಾದರೂ ಸಿಗುತ್ತಿತ್ತು ಎಂದರು. ಆಕೆ ಅಳುವುದಿಲ್ಲ ಎಂದು ಮೊದಲೇ ಹೇಳಿದ್ದಾರೆ ಎಂದೆ. ಹಾಗಾದರೆ ಇದನ್ನು ದೊಡ್ಡ ಜಾಗಗಳಲ್ಲಿ ತೋರಿಸುವುದು ಕಷ್ಟ ಎಂದರು. ಕಷ್ಟ ಪಡೋಣ ಎಂದೆ.

ಮೊದಲ ಪ್ರದರ್ಶನ ನಮ್ಮ ಕನ್ನಡ ಕೂಟದವರ ಮುಂದೆ ಎಂದು ತೀರ್ಮಾನವಾಗಿತ್ತು. ಅವರೇ ಕೇಳಿದ್ದರು, ಹಾಲ್ ಗೊತ್ತು ಮಾಡಿದ್ದರು. ಆದರೆ ಸಮಿತಿಯವರಿಗೆ ಮುಂಚಿತವಾಗಿ ಕಳಿಸಿದ ಮೇಲೆ ಒಂದು ಮೀಟಿಂಗು ಕರೆದರು. ಐದು ಜನ, ಎಲ್ಲರೂ ಎಂಜಿನಿಯರುಗಳು, ಎಲ್ಲರೂ ನನಗೆ ಬೇಕಾದವರು. ಅಧ್ಯಕ್ಷರ ಮನೆಯ ಊಟದ ಮೇಜಿನ ಸುತ್ತ ಕೂತೆವು. ಶ್ರೀಲಂಕಾದ ಭಾಗ ಅದ್ಭುತ, ಕಣ್ಣಲ್ಲಿ ನೀರು ಬಂತು ಎಂದರು. ಕೊನೆಗೆ ಅಧ್ಯಕ್ಷರು ವಿಷಯಕ್ಕೆ ಬಂದರು.

"ನಿಮ್ಮ ಫಾದರ್ ಬರೋ ಆ ಏಳು ನಿಮಿಷ ಮೇಡಂ. ಅದೊಂದು ತೆಗೆದ್ರೆ ನಮಗೇನೂ ಪ್ರಾಬ್ಲಮ್ ಇಲ್ಲ. ಎರಡನ್ನೂ ಒಂದೇ ತಕ್ಕಡೀಲಿ ಇಟ್ಟ ಹಾಗಾಗುತ್ತೆ. ಅಲ್ಲಿ ನಡೆದದ್ದು ಯುದ್ಧ, ನಮ್ಮಲ್ಲಿ ಎರಡು ದಿನದ ಗಲಾಟೆ. ಜನ ಕನ್ನಡದವರ ಬಗ್ಗೆ ಏನ್ ಅಂದ್ಕೋತಾರೆ?"

ಎರಡೂ ಒಂದೇ ಎಂದು ನಾನು ಎಲ್ಲೂ ಹೇಳಿಲ್ಲ ಎಂದೆ. ಯುದ್ಧ ಒಂದೇ ದಿನ ಶುರುವಾಗುವುದಿಲ್ಲ, ಬೋರ್ಡು ಅಳಿಸುವುದರಿಂದ ಶುರುವಾಗುತ್ತದೆ ಎಂದು ಟೀಚರೇ ಚಿತ್ರದಲ್ಲಿ ಹೇಳಿದ್ದಾರೆ ಎಂದೆ. ಆಗ ಮೇಜಿನ ಆ ತುದಿಯಲ್ಲಿದ್ದವರೊಬ್ಬರು, ನಗುತ್ತಲೇ, ಇದೆಲ್ಲ ನಿಮಗೆ ಯಾಕೆ ಬೇಕಿತ್ತು, ನಿಮ್ಮ ಮನೆಮಾತು ಕನ್ನಡವೂ ಅಲ್ಲವಲ್ಲ ಎಂದರು.

ಇಪ್ಪತ್ತು ವರ್ಷದಿಂದ ಆ ಕೂಟದ ನಾಟಕಗಳಿಗೆ ಪರದೆ ಕಟ್ಟಿದವಳು ನಾನು. ಅವರ ಮಕ್ಕಳಿಗೆ ಶನಿವಾರ ಶನಿವಾರ ವರ್ಣಮಾಲೆ ತಿದ್ದಿಸಿದವಳು. ಆದರೂ ಮಾತು ತಣ್ಣಗೇ ಬಂತು.

"ನಾನು ಓದಿದ್ದು ಕನ್ನಡದಲ್ಲಿ, ಬರೆಯೋದು ಕನ್ನಡದಲ್ಲಿ. ನಮ್ಮ ಅಬ್ಬಾ ಆ ಊರಿನ ಅರ್ಧ ಅಂಗಡಿಗಳಿಗೆ ಕನ್ನಡ ಬರೆದವರು. ತಪ್ಪಾಯ್ತು ಅಂತ ಹೇಳಿದ್ದೂ ಕನ್ನಡದಲ್ಲೇ. ಇದು ನಮ್ಮದಲ್ಲ ಅಂತ ನೀವು ಹೇಳಬಹುದು ಸರ್. ನಾನು ಹೇಳಲ್ಲ. ಒಂದು ಫ್ರೇಮೂ ತೆಗೆಯಲ್ಲ."

ಎದ್ದು ಬಂದೆ. ಮರುದಿನ ಹಾಲ್ ಸಿಗುತ್ತಿಲ್ಲ ಎಂದು ಇಮೇಲು ಬಂತು. ಮನೆಯಲ್ಲಿ ಹೇಳಿದೆ. ನನ್ನ ಮಗಳಿಗೆ ಹದಿಮೂರು. ಕನ್ನಡ ಎಲ್ಲ ಅರ್ಥವಾಗುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ. ಕತ್ತರಿಸಿದರೆ ಅದನ್ನು ಡಾಕ್ಯುಮೆಂಟರಿ ಎಂದು ಕರೆಯಬೇಡ, ಆ್ಯಡ್ ಎಂದು ಕರಿ ಎಂದಳು.

ಅದೇ ವಾರ ಟೀಚರ್ ಮನೆಗೂ ಜನ ಬಂದರು. ಇಲ್ಲಿನ ಶ್ರೀಲಂಕಾ ತಮಿಳರ ಒಂದು ಗುಂಪಿನವರು ಇಬ್ಬರು; ಚಿತ್ರದಲ್ಲಿ ಏನಿದೆ ಎಂಬುದು ಅವರ ಕಿವಿಗೂ ಬಿದ್ದಿತ್ತು. ಟೀಚರಿಗೆ ನಮಸ್ಕಾರ ಮಾಡಿ, ಹಣ್ಣು ಕೊಟ್ಟು, ಇಪ್ಪತ್ತನೆಯ ಹೆಸರಿನ ಮುಂದಿನ ಆ ವಾಕ್ಯವನ್ನು ಬಿಡಬೇಕೆಂದು ಕೇಳಿಕೊಂಡರಂತೆ. ಹುಡುಗಿಯ ಹೆಸರು ಇರಲಿ, ಯಾರು ಕರೆದೊಯ್ದರು ಎನ್ನುವುದು ಬೇಡ, ಎದುರಾಳಿಗೆ ಅನುಕೂಲವಾಗುತ್ತದೆ, ಬಿಡದಿದ್ದರೆ ತಮ್ಮ ಹಾಲ್ ಕೊಡಲಾಗದು ಎಂದರಂತೆ. ಟೀಚರ್ ಅವರಿಗೆ ಚಹಾ ಕೊಟ್ಟು, ಆ ಹುಡುಗಿಯ ತಾಯಿ ಬೀದಿಯಲ್ಲಿ ಬಿದ್ದು ಹೊರಳಾಡಿದಾಗ ಅವಳ ಕೈ ಹಿಡಿದಿದ್ದವಳು ನಾನು, ನೀವಲ್ಲ ಎಂದು ಹೇಳಿ ಕಳಿಸಿದರು. ನನಗೆ ಫೋನು ಮಾಡಿ ಇಷ್ಟೂ ಹೇಳಿದ ಮೇಲೆ, "ನಿನಗೂ ಹಾಲ್ ಇಲ್ಲ, ನನಗೂ ಹಾಲ್ ಇಲ್ಲ. ಶನಿವಾರ ನಮ್ಮ ಡೇಕೇರಿನಲ್ಲಿ ಮಕ್ಕಳಿರೋದಿಲ್ಲ. ಅಲ್ಲೇ ತೋರಿಸೋಣ," ಎಂದರು. ಡೇಕೇರಿನ ಒಡತಿ ಒಪ್ಪಿದರು. ಅವರು ಪಂಜಾಬಿನವರು. ಏನು ಎತ್ತ ಎಂದು ಕೇಳಿ, ನಮ್ಮ ಅಜ್ಜಿಯ ಹತ್ತಿರವೂ ಇಂಥ ಒಂದು ಪಟ್ಟಿ ಇತ್ತು ಎಂದಷ್ಟೇ ಹೇಳಿ ಬೀಗದ ಕೈ ಕೊಟ್ಟರು.

ಶನಿವಾರ ಮಧ್ಯಾಹ್ನ ಸುಮಾರು ನಲವತ್ತು ಜನ ಬಂದರು. ಅಲ್ಲಿರುವುದೆಲ್ಲ ಮೂರು ವರ್ಷದ ಮಕ್ಕಳ ಕುರ್ಚಿ. ದೊಡ್ಡ ದೊಡ್ಡವರೆಲ್ಲ ಮೊಣಕಾಲು ಎದೆಗೆ ತಾಗುವ ಹಾಗೆ ಆ ಪುಟ್ಟ ಕೆಂಪು ಹಳದಿ ಕುರ್ಚಿಗಳಲ್ಲಿ ಕೂತರು. ಅರ್ಧ ತಮಿಳರು, ಅರ್ಧ ಕನ್ನಡದವರು, ಡೇಕೇರಿನ ಕೆಲವು ತಂದೆತಾಯಂದಿರು. ಕೂಟದ ಸಮಿತಿಯಿಂದ ಯಾರೂ ಬರಲಿಲ್ಲ, ಅಧ್ಯಕ್ಷರ ಹೆಂಡತಿ ಮಾತ್ರ ಬಂದು ಹಿಂದಿನ ಸಾಲಿನಲ್ಲಿ ಕೂತರು. ಕಿಟಕಿಗಳಿಗೆ ಕಂಬಳಿ ಕಟ್ಟಿ ಕತ್ತಲು ಮಾಡಿದ್ದೆವು.

ಹಾಜರಿ ಶುರುವಾಯಿತು. ಒಂದೊಂದು ಹೆಸರಿನ ನಂತರದ ಮೌನದಲ್ಲಿ ಆ ಚಿಕ್ಕ ಕುರ್ಚಿಗಳು ಕಿರುಗುಟ್ಟುವುದು ಕೇಳುತ್ತಿತ್ತು. ಚಿತ್ರ ಮುಗಿದು ಕಂಬಳಿ ತೆಗೆದ ಮೇಲೆ ಯಾರಾದರೂ ಮಾತಾಡುವುದಿದ್ದರೆ ಮಾತಾಡಿ ಎಂದೆ. ಮೂರನೆಯ ಸಾಲಿನಿಂದ ಒಬ್ಬ ಹಿರಿಯರು ಕಷ್ಟಪಟ್ಟು ಎದ್ದು ನಿಂತರು. ಹುಬ್ಬಳ್ಳಿ ಕಡೆಯವರು. ಮಗಳ ಮನೆಗೆಂದು ಬಂದು ಇಲ್ಲೇ ನೆಲೆಸಿದವರು, ಕೂಟದಲ್ಲಿ ಎಲ್ಲರಿಗೂ ಗೊತ್ತಿರುವವರು.

"ನಾ ಆವಾಗ ಬೆಂಗಳೂರಾಗ ನೌಕರಿ ಮಾಡ್ತಿದ್ದೆ," ಎಂದರು. "ಆ ಗುಂಪಿನಾಗ ನಾನೂ ಇದ್ದೆ. ನಿಮ್ಮ ಓಣಿ ಅಲ್ಲ, ಬ್ಯಾರೆ ಕಡೆ. ಒಂದು ಅಂಗಡಿಗೆ ಕಲ್ಲು ಒಗದೀನಿ. ಒಳಗ ಯಾರಿದ್ರು ಅಂತ ನೋಡ್ಲಿಲ್ಲ. ಇಷ್ಟು ವರ್ಷ ಯಾರ ಮುಂದೂ ಹೇಳಿಲ್ಲ. ಈ ತಾಯಿಗೆ ಹೇಳ್ರಿ, ನಂದು ತಪ್ಪಾತು ಅಂತ."

ನಾನು ಅದನ್ನು ತಮಿಳಿಗೆ ತಂದು ಟೀಚರಿಗೆ ಹೇಳಿದೆ. ಎಲ್ಲರೂ ಅವರ ಮುಖವನ್ನೇ ನೋಡುತ್ತಿದ್ದರು. ಅವರು ಎದ್ದು ಹೋಗಿ ಆ ಹಿರಿಯರ ಕೈ ಹಿಡಿಯುತ್ತಾರೆ, ಎರಡು ಹನಿ ಕಣ್ಣೀರು ಬೀಳುತ್ತದೆ, ಎಲ್ಲರೂ ಹಗುರಾಗಿ ಮನೆಗೆ ಹೋಗಬಹುದು ಎಂದು ಕೋಣೆಗೆ ಕೋಣೆಯೇ ಕಾಯುತ್ತಿತ್ತು. ನಾನೂ ಕಾಯುತ್ತಿದ್ದೆ, ಅದನ್ನು ಮುಚ್ಚಿಡುವುದಿಲ್ಲ.

"ನನಗೆ ಹೇಳಬೇಡಿ ಅಂತ ಹೇಳು," ಎಂದರು ಟೀಚರ್. "ಅವರು ಕಲ್ಲು ಹೊಡೆದದ್ದು ನನ್ನ ಅಂಗಡಿಗಲ್ಲ. ಯಾರ ಅಂಗಡಿಯೋ ಅವರನ್ನ ಹುಡುಕಿ ಹೇಳಲಿ. ಕ್ಷಮಿಸೋ ಅಧಿಕಾರ ನನಗೆ ಯಾರೂ ಕೊಟ್ಟಿಲ್ಲ." ಆಮೇಲೆ, "ಆದರೆ ಎದ್ದು ನಿಂತು ಹೇಳಿದ್ರಲ್ಲ, ಅದನ್ನ ನಾನು ಕೇಳಿಸಿಕೊಂಡೆ ಅಂತಲೂ ಹೇಳು," ಎಂದರು.

ಎರಡನ್ನೂ ಹೇಳಿದೆ. ಹಿರಿಯರು ತಲೆಯಾಡಿಸಿ ಆ ಪುಟ್ಟ ಕುರ್ಚಿಯಲ್ಲಿ ಮತ್ತೆ ಕೂತರು. ಅಧ್ಯಕ್ಷರ ಹೆಂಡತಿ ಹೊರಡುವಾಗ ಬಾಗಿಲ ಬಳಿ ನಿಂತು ನಿಮ್ಮ ಅಬ್ಬಾಗೆ ಸಲಾಂ ತಿಳಿಸಿ ಎಂದರು.

ಆಮೇಲಿನದನ್ನು ಚುಟುಕಾಗಿ ಹೇಳುತ್ತೇನೆ. ಕೂಟದ ವಾಟ್ಸಾಪ್ ಗುಂಪಿನಿಂದ ನನ್ನನ್ನು ತೆಗೆದರು. ಆ ತಮಿಳು ಗುಂಪಿನವರೂ ಒಂದು ಹೇಳಿಕೆ ಹೊರಡಿಸಿದರು. ಎರಡರಲ್ಲೂ ಹೆಚ್ಚುಕಡಿಮೆ ಒಂದೇ ವಾಕ್ಯವಿತ್ತು, ಹಳೆಯ ಗಾಯವನ್ನು ಕೆದಕುವುದರಿಂದ ಸಮುದಾಯಕ್ಕೆ ಒಳಿತಿಲ್ಲ ಎಂದು. ಎರಡನ್ನೂ ಅಕ್ಕಪಕ್ಕ ಹಿಡಿದು ಟೀಚರಿಗೆ ಓದಿ ಹೇಳಿದಾಗ ಅವರು ಸೆರಗು ಬಾಯಿಗೆ ಹಿಡಿದು ನಕ್ಕರು. ಇಷ್ಟು ವರ್ಷ ಜಗಳವಾಡಿದವರು ಕೊನೆಗೂ ಒಂದು ಮಾತಿನಲ್ಲಿ ಒಂದಾದರಲ್ಲ ಎಂದರು.

ಬೆಂಗಳೂರಿನಲ್ಲಿ ಅಬ್ಬಾ ನನ್ನ ತಮ್ಮನನ್ನು ಹೊರಡಿಸಿಕೊಂಡು ಕಾಫಿಪುಡಿ ಮಾಮನನ್ನು ಹುಡುಕಿದರು. ಮಾಮ ತೀರಿಹೋಗಿ ಬಹಳ ವರ್ಷವಾಗಿತ್ತು. ಮಗ ಗಡಿಯಾಚೆಯ ಒಂದು ಊರಿನಲ್ಲಿದ್ದ. ಅವನು ಬಾಗಿಲಲ್ಲೇ ನಿಂತು ಮಾತಾಡಿದ, ಒಳಗೆ ಕರೆಯಲಿಲ್ಲ. ಈಗ ಇದರಿಂದ ಏನಾಗಬೇಕು, ನಮ್ಮಪ್ಪ ಇದ್ದಾಗ ಬರಬೇಕಿತ್ತು ಎಂದನಂತೆ. ತಮ್ಮನಿಗೆ ಬಹಳ ಸಿಟ್ಟು ಬಂತು. ಅಬ್ಬಾ ಮಾತ್ರ, ಹಾಗೆ ಹೇಳುವ ಹಕ್ಕು ಅವನಿಗಿದೆ, ಇಷ್ಟು ದೂರ ಬಂದದ್ದಕ್ಕೆ ತಮಗೆ ಏನೂ ಬೇಜಾರಿಲ್ಲ ಎಂದು ಹೇಳಿ ವಾಪಸು ಬಸ್ಸು ಹತ್ತಿದರು.

ಚಿತ್ರ ದೊಡ್ಡ ಉತ್ಸವಗಳಿಗೆ ಹೋಗಲಿಲ್ಲ. ಯಾರಾದರೂ ಕರೆದ ಕಡೆ ನಾನೂ ಟೀಚರೂ ಕಾರಿನಲ್ಲಿ ಪ್ರೊಜೆಕ್ಟರು ಇಟ್ಟುಕೊಂಡು ಹೋಗುತ್ತೇವೆ. ಲೈಬ್ರರಿ, ಗ್ಯಾರೇಜು, ಒಮ್ಮೆ ಒಂದು ಲಾಂಡ್ರಿಯ ಹಿಂಬದಿ. ಕಳೆದ ತಿಂಗಳು ಲಾಸ್ ಆಲ್ಟೋಸಿನ ಒಂದು ದೊಡ್ಡ ಮನೆಗೆ ಕರೆದಿದ್ದರು. ಹಿತ್ತಲಿನಲ್ಲಿ ನಿಂಬೆಗಿಡಗಳು, ಗಾಜಿನ ಗೋಡೆಯ ಹಜಾರ, ಭಾನುವಾರದ ಮಧ್ಯಾಹ್ನದ ಊಟಕ್ಕೆ ಇಪ್ಪತ್ತು ಅತಿಥಿಗಳು. ಮನೆಯ ಯಜಮಾನರು ನನ್ನನ್ನು ಪಕ್ಕಕ್ಕೆ ಕರೆದು, ಬಿರಿಯಾನಿ ಬಿಸಿಯಾಗಿದೆ, ಜನ ಹಸಿದಿದ್ದಾರೆ, ಹಾಜರಿಯ ಭಾಗವನ್ನು ಸ್ವಲ್ಪ ಚಿಕ್ಕದು ಮಾಡಿ ತೋರಿಸಲು ಆಗುತ್ತದೆಯೇ ಎಂದು ಕೇಳಿದರು. ನಾನು ಬಾಯಿ ತೆರೆಯುವ ಮೊದಲೇ ಟೀಚರ್ ಏನಂತೆ ಎಂದರು. ಹೇಳಿದೆ.

"ಮೂವತ್ತೊಂದು ಮಕ್ಕಳಲ್ಲಿ ಯಾರನ್ನ ಬಿಡಬೇಕು, ಅವರೇ ಆರಿಸಲಿ," ಎಂದು ನೋಟ್‌ಬುಕ್ಕನ್ನು ಬಿಚ್ಚಿ ಅವರ ಮುಂದೆ ಹಿಡಿದರು.

ನಾನು ಅದನ್ನು ಇಂಗ್ಲಿಷಿನಲ್ಲಿ ಹೇಳಿದೆ. ಯಜಮಾನರು ಪುಟವನ್ನು ನೋಡಿದರು. ಅಕ್ಷರ ಓದಲು ಬರದಿದ್ದರೂ ಬಹಳ ಹೊತ್ತು ನೋಡಿದರು. ಆಮೇಲೆ ಹೋಗಿ ತಾವೇ ಪರದೆಯ ಮುಂದಿನ ದೀಪ ಆರಿಸಿದರು. ನಾನು ಪೂರ್ತಿ ನಲವತ್ತು ನಿಮಿಷ ತೋರಿಸಿದೆ. ಬಿರಿಯಾನಿ ಆರಿತು. ಯಾರೂ ಮೇಲೇಳಲಿಲ್ಲ.